ಸೋವಿಯತ್ ಹಾಸ್ಯಚಿತ್ರಗಳ ಬಾಲನಟ ಸೆರ್ಗೈ ಟಿಖನೊವ್ ಎಷ್ಟು ಸಿನಿಮಾಗಳಲ್ಲಿ ನಟಿಸಿದ್ದ?

ಮೂರರಲ್ಲಿ ಮಾತ್ರ. ಮೊದಲನೆಯದೇ ಅವನನ್ನು ಮನೆಮಾತಾಗಿಸಿತು.

1950ರಲ್ಲಿ ಹುಟ್ಟಿದ ಈ ಹುಡುಗನನ್ನು ನಿರ್ದೇಶಕ ಲಿಯೊನಿದ್ ಗೈದಾಯ್ 1962ರ 'ದೆಲವೀಯೆ ಲ್ಯೂದಿ'ಗೆ ಆರಿಸಿಕೊಂಡರು. ಅಮೆರಿಕನ್ ಕತೆಗಾರ ಓ. ಹೆನ್ರಿಯ ಮೂರು ಕತೆಗಳ ಚಿತ್ರವದು. ಕೊನೆಯ ಕತೆಯಲ್ಲಿ ಇಬ್ಬರು ಕಳ್ಳರು ಹಣದಾಸೆಗೆ ಶ್ರೀಮಂತನ ಮಗನನ್ನು ಅಪಹರಿಸುತ್ತಾರೆ. ಹುಡುಗ ತಾನು ರೆಡ್ ಇಂಡಿಯನ್ನರ ನಾಯಕನೆಂದು ಹೇಳಿಕೊಂಡು ಅವರ ಪ್ರಾಣ ಹಿಂಡುತ್ತಾನೆ. ಕೊನೆಗೆ ಕಳ್ಳರೇ ಅಪ್ಪನಿಗೆ 250 ಡಾಲರ್ ತೆತ್ತು ಅವನನ್ನು ಒಪ್ಪಿಸಿ ಓಟ ಕೀಳುತ್ತಾರೆ! ಕಳ್ಳರ ಪಾತ್ರದಲ್ಲಿ ಎದುರಿಗಿದ್ದವರು ಗಿಯೊರ್ಗಿ ವೀತ್ಸಿನ್, ಅಲೆಕ್ಸೈ ಸ್ಮಿರ್ನೊವ್‌ರಂಥ ಘಟಾನುಘಟಿಗಳು. ಭಾರೀ ಆಳಾದ ಸ್ಮಿರ್ನೊವ್‌ರ ಬೆನ್ನೇರಿ ಕುದುರೆ ಸವಾರಿ ಮಾಡುವಾಗಲೂ ಹುಡುಗನಲ್ಲಿ ಅಳುಕಿಲ್ಲ. ನನ್ನ ಮಟ್ಟಿಗೆ ಆ ಭಾಗದ ಜೀವಾಳ ಅವನೇ.

1964ರಲ್ಲಿ ಸೋವಿಯತ್ ಮಕ್ಕಳ ಸಾಹಿತಿ ಅರ್ಕಾದಿ ಗೈದಾರ್‌ನ ಕತೆಯನ್ನು ಆಧರಿಸಿದ ಮಕ್ಕಳ ಚಿತ್ರದಲ್ಲಿ ಮಲ್ಚೀಶ್-ಪ್ಲಖೀಶ್ ಆದ: ಒಂದು ಪೀಪಾಯಿ ಜಾಮ್, ಒಂದು ಬುಟ್ಟಿ ಬಿಸ್ಕತ್ತಿಗಾಗಿ ಗೆಳೆಯರನ್ನೇ ಶತ್ರುಗಳಿಗೆ ಮಾರುವ ತಿಂಡಿಪೋತ ದ್ರೋಹಿ. 1967ರ 'ದುಬ್ರಾವ್ಕಾ' ಮೂರನೆಯದು, ಅದೇ ಕೊನೆಯದು.

1972ರಲ್ಲಿ ತೀರಿಕೊಂಡಾಗ ಅವನಿನ್ನೂ ಇಪ್ಪತ್ತರ ಆಸುಪಾಸಿನ ಯುವಕ.