ಜೀಪು ಜಪ್ತಿಯಾದರೆ ದುಡ್ಡು ಬರುತ್ತಾ?

ಭೂಪರಿಹಾರದ ಬಗ್ಗೆ ಈ ಸಲವೂ ಅದೇ ಪ್ರಶ್ನೆಗಳು ಬಂದಿವೆ. ಡಿಕ್ರಿ ಅಂದರೆ ಇಷ್ಟು ದುಡ್ಡು ಕೊಡಬೇಕು ಅಂತ ಕೋರ್ಟು ಕೊಟ್ಟ ಆದೇಶ, ಅಷ್ಟು ಸಾಕು.

ನಾರಾಯಣಪುರ ಬಲದಂಡೆ ಕಾಲುವೆಗೆ ನಮ್ಮ ಮೂರು ಎಕರೆ ಹೋಯಿತು. ಕೋರ್ಟು ಪರಿಹಾರ ಹೆಚ್ಚಿಸಿ ಎರಡು ವರ್ಷವಾದರೂ ದುಡ್ಡು ಬಂದಿಲ್ಲ. ಸರ್ಕಾರ ಮೇಲ್ಮನವಿ ಹಾಕಿದೆ, ಕಾಯಬೇಕು ಅಂತಾರೆ. ಸಾಹೇಬರ ಜೀಪು ಜಪ್ತಿ ಮಾಡಿಸಬಹುದಾ? – ದೇವದುರ್ಗದ ರೈತ

ಮಾಡಿಸಬಹುದು. ಆದರೆ ಎರಡು ವರ್ಷ ಯಾಕೆ ಸುಮ್ನೆ ಕೂತಿರಿ? ಡಿಕ್ರಿಯಾಗಿ ಮೂರು ತಿಂಗಳಾದರೂ ಸರ್ಕಾರ ಕಟ್ಟದಿದ್ದರೆ ಅಮಲ್ಜಾರಿ ಅರ್ಜಿ, ಅಂದರೆ ಡಿಕ್ರಿ ಜಾರಿ ಮಾಡಿಸಿಕೊಡಿ ಅಂತ ಕೋರ್ಟಿಗೆ ಅರ್ಜಿ, ಹಾಕಬಹುದು. ಹೈಕೋರ್ಟಿನ ಕಲಬುರಗಿ ಪೀಠದಲ್ಲಿ ಮೇಲ್ಮನವಿ ಇದೆ ಅಂದ ಮಾತ್ರಕ್ಕೆ ಡಿಕ್ರಿ ನಿಲ್ಲಲ್ಲ, ತಡೆಯಾಜ್ಞೆ ಇರಬೇಕು. 'ಕಾಯಿರಿ' ಅಂದವರಿಗೆ ಅದರ ಪ್ರತಿ ಕೇಳಿ. ಪ್ರತಿ ಕೊಟ್ಟರೆ ಸರ್ಕಾರ ದುಡ್ಡನ್ನ ಕೋರ್ಟಿನಲ್ಲಿ ಇಡಬೇಕು ಅನ್ನೋ ಠೇವಣಿಯ ಷರತ್ತು ಇದೆಯಾ ಅಂತ ಓದಿಸಿ ನೋಡಿ.

ಜೀಪಿನ ಮೇಲೆ ಮಾತ್ರ ಅಷ್ಟು ಆಸೆ ಬೇಡ. ಒಮ್ಮೆ ಜಪ್ತಿ ಮಾಡುವ ಕೋರ್ಟ್ ಸಿಬ್ಬಂದಿ ಅಮೀನರ ಜೊತೆ ಒಂದು ಕಚೇರಿಗೆ ಹೋಗಿದ್ದೆ. ಎರಡು ಕಂಪ್ಯೂಟರ್, ಹತ್ತು ಕುರ್ಚಿ ಹೊರಗೆ ಬಂದವು, ಪಂಚನಾಮೆಯಾಯಿತು, ಜನ ಫೋಟೋ ತೆಗೆದರು. ಮುಂದಿನ ತಾರೀಖಿಗೆ ಜಡ್ಜ್ ಕೇಳಿದ್ದು ಒಂದೇ ಮಾತು: 'ಬಾಕಿ ಎಷ್ಟು?' ನಮ್ಮ ರೈತರ ಲೆಕ್ಕಪಟ್ಟಿಯೇ ತಪ್ಪಿತ್ತು. ಆಕ್ಷೇಪಣೆ, ಮತ್ತೆ ಲೆಕ್ಕ ಅಂತ ಎಂಟು ತಿಂಗಳು ಹೋಯಿತು. ಇವತ್ತಿಗೂ ಅದು ನನ್ನ ಮನಸ್ಸಿಗೆ ಚುಚ್ಚುತ್ತೆ.

ಹಾಗಾಗಿ ಮೊದಲು ಲೆಕ್ಕಪಟ್ಟಿ. 1894ರ ಹಳೇ ಭೂಸ್ವಾಧೀನ ಕಾಯ್ದೆಯ ಕೇಸಾದರೆ ಹೆಚ್ಚಿಸಿದ ಮೊತ್ತಕ್ಕೆ, ಜಮೀನು ವಶಕ್ಕೆ ಹೋದ ದಿನದಿಂದ ಮೊದಲ ವರ್ಷ ಶೇ. 9, ಆಮೇಲೆ ಶೇ. 15 ಬಡ್ಡಿ. ಜಮೀನನ್ನ ಬಲವಂತವಾಗಿ ತೆಗೆದುಕೊಂಡದ್ದಕ್ಕೆ ಬೆಲೆಯ ಮೇಲೆ ಕೊಡುವ ಶೇ. 30ರ ಸೊಲೇಷಿಯಮ್‌ಗೂ ಬಡ್ಡಿ ಉಂಟು ಅಂತ ಸುಪ್ರೀಂ ಕೋರ್ಟ್ 2001ರಲ್ಲೇ ಹೇಳಿದೆ. ಇದನ್ನೇ ಜಾಸ್ತಿ ಜನ ಬಿಡೋದು. ಒಂದು ಲಕ್ಷಕ್ಕೆ ಸೊಲೇಷಿಯಮ್ 30 ಸಾವಿರ. ಅದರ ಬಡ್ಡಿ ಬಿಟ್ಟರೆ ಎರಡನೇ ವರ್ಷದಿಂದ ವರ್ಷಕ್ಕೆ 4,500 ರೂಪಾಯಿ ಹೋಯಿತು. ಹತ್ತು ವರ್ಷಕ್ಕೆ ಎಷ್ಟಾಯಿತು, ನೀವೇ ನೋಡಿ. ಜಮೀನಿನ ಬೆಲೆಯ ಮೇಲೆ ವರ್ಷಕ್ಕೆ ಶೇ. 12ರಂತೆ ಸೇರುವ ಹೆಚ್ಚುವರಿ ಮೊತ್ತಕ್ಕೂ ಹೀಗೇ. ಅರ್ಧಂಬರ್ಧ ದುಡ್ಡು ಕಟ್ಟಿದರೆ ಅದು ಮೊದಲು ಬಡ್ಡಿಗೆ ಜಮಾ ಆಗಬೇಕು, ಅಸಲಿಗಲ್ಲ. ಲೆಕ್ಕ ಸರಿ ಇದ್ದರೆ ಜಪ್ತಿಗೆ ಬಲ ಬರುತ್ತೆ. ಜಮೀನು ಪಡೆದ ನಿಗಮವೂ ಕೇಸಿನಲ್ಲಿ ಪಾರ್ಟಿಯಾಗಿದ್ದರೆ, ಕುರ್ಚಿ ಬಿಟ್ಟು ಅದರ ಬ್ಯಾಂಕ್ ಖಾತೆ ಜಪ್ತಿಗೆ ಕೇಳಿ.

ಶೇ. 20 ಕೊಟ್ಟರೆ ತಿಂಗಳಲ್ಲಿ ದುಡ್ಡು ಬಿಡಿಸಿಕೊಡ್ತೀನಿ ಅಂತ ಒಬ್ಬರು ಖಾಲಿ ಚೆಕ್ ಕೇಳಿದ್ದಾರೆ. – ಕೊಪ್ಪಳ

ಕೊಡಬೇಡಿ! ಕೊಟ್ಟಿದ್ದರೆ ಇವತ್ತೇ ಬ್ಯಾಂಕಿಗೆ ಹೋಗಿ ನಿಲ್ಲಿಸಿ. ಇಂಥವರು ಕೋರ್ಟಿನ ಎದುರಿನ ಚಹಾದಂಗಡಿಯಲ್ಲಿ ಕೂತು ಮುದುಕರ ಹೆಬ್ಬೆಟ್ಟು ಒತ್ತಿಸಿಕೊಳ್ಳೋದನ್ನ ನಾನೇ ಕಂಡಿದ್ದೇನೆ. ಬರುವ ಹಣದಲ್ಲಿ ಪಾಲು ಕೇಳೋದು ವಕೀಲರಿಗೂ ನಿಷಿದ್ಧ.

ಪಕ್ಕದ ಹೊಲದವರು ಕೋರ್ಟಿಗೆ ಹೋದರು, ಜಾಸ್ತಿ ಸಿಕ್ಕಿತು. ನಾವು ಹೋಗಲಿಲ್ಲ. – ಬಳ್ಳಾರಿ

ಒಂದೇ ಅಧಿಸೂಚನೆಯ ಜಮೀನಾದರೆ, ಆ ತೀರ್ಪಾದ ಮೂರು ತಿಂಗಳೊಳಗೆ ನೀವೂ ಅರ್ಜಿ ಕೊಡಬಹುದು.

ಡಿಕ್ರಿಯಾಗಿ 11 ವರ್ಷ. ಪ್ರತಿ ವರ್ಷ ಮನವಿ ಕೊಡ್ತಿದ್ದೇವೆ. – ಸಿಂಧನೂರು

ಅಮಲ್ಜಾರಿಗೆ ಇರೋದು 12 ವರ್ಷ. ಮನವಿಯಿಂದ ಆ ಗಡುವು ಒಂದು ದಿನವೂ ಮುಂದೆ ಹೋಗಲ್ಲ. ಈ ವಾರವೇ ಅರ್ಜಿ ಹಾಕಿ.