ಪಾಸ್‌ಪೋರ್ಟ್ ರೀಇಶ್ಯೂ: ಏಜೆಂಟ್ ಬೇಡ, ಮೊದಲು ಹೆಸರು, ವಿಳಾಸ ನೋಡಿಕೊಳ್ಳಿ

ಅಣ್ಣಾ, ನಮ್ಮ ಗುಂಪಿನ ಅಡಿಕೆ ಕೊಳೆರೋಗದ ಚರ್ಚೆಯಲ್ಲಿ ನಿಮ್ಮ ಪ್ರಶ್ನೆ ಎಲ್ಲೋ ಮೇಲೆ ಹೋಗಿಬಿಟ್ಟಿದೆ. ಹಾಗಾಗಿ ಎಲ್ಲರಿಗೂ ಗೊತ್ತಾಗಲಿ ಅಂತ ಮತ್ತೊಮ್ಮೆ ಹೇಳಿಯೇ ಉತ್ತರಿಸುತ್ತೇನೆ. ದುಬೈಯಲ್ಲಿರುವ ಮಗಳ ಬಾಣಂತನಕ್ಕೆ ನೀವೂ ಅತ್ತಿಗೆಯೂ ಹೋಗಬೇಕು. ಇಬ್ಬರ ಪಾಸ್‌ಪೋರ್ಟೂ ಇನ್ನು ಐದು ತಿಂಗಳಲ್ಲಿ ಮುಗಿಯುತ್ತದೆ. ಊರೊಳಗಿನ ಹಳೇ ಮನೆ ಬಿಟ್ಟು ತೋಟದ ಮನೆಗೆ ಬಂದಿದ್ದೀರಿ. ನಿಮ್ಮ ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ, ಅತ್ತಿಗೆಯದರಲ್ಲಿ ಇಸಿಆರ್, ಅಂದರೆ 'ವಲಸೆ ತಪಾಸಣೆ ಬೇಕು' ಅನ್ನುವ ಮುದ್ರೆ ಇದೆ. ದಾಯಾದಿಗಳ ಜೊತೆ ಜಮೀನಿನ ದಾವೆ ಕೋರ್ಟಿನಲ್ಲಿದೆ. ಪೇಟೆಯ ಏಜೆಂಟ್ ಒಬ್ಬ 'ಎಲ್ಲಾ ನಾನೇ ಮಾಡ್ತೇನೆ' ಅಂತ ಸಾವಿರಗಟ್ಟಲೆ ಕೇಳಿದ್ದಾನೆ, ಕೊಡಬಹುದಾ ಅನ್ನುವುದು ನಿಮ್ಮ ಪ್ರಶ್ನೆ.

ಕೊಡಬೇಡಿ. ದುಡ್ಡು ಉಳಿಯುತ್ತದೆ ಅನ್ನುವುದಕ್ಕಿಂತ ಬೇರೆ ಕಾರಣ ಇದೆ. ಅರ್ಜಿ ತುಂಬುವುದು ಕಷ್ಟದ ಕೆಲಸವೇ ಅಲ್ಲ. ಫೈಲ್ ಎಲ್ಲಾದರೂ ಸಿಕ್ಕಿಬಿದ್ದರೆ ಹತ್ತಕ್ಕೆ ಒಂಬತ್ತು ಸಲ ಅದು ಹೆಸರಿನ ಸಾಲಿನಲ್ಲೋ ವಿಳಾಸದ ಸಾಲಿನಲ್ಲೋ ಇರುತ್ತದೆ. ಆ ಎರಡನ್ನೂ ನಿಮ್ಮಷ್ಟು ಸರಿಯಾಗಿ ಬೇರೆಯವರು ತುಂಬಲಾರರು. ಏಜೆಂಟ್ ನಿಮ್ಮ ಆಧಾರ್ ನೋಡಿ ಎರಡು ನಿಮಿಷದಲ್ಲಿ ಟೈಪ್ ಮಾಡಿ ಮುಗಿಸುತ್ತಾನೆ. ತಪ್ಪಾದರೆ ಓಡಾಡುವವರು ನೀವು. ಅಪಾಯಿಂಟ್‌ಮೆಂಟ್ ದಿನ ಹೇಗೂ ನೀವೇ ಹೋಗಬೇಕು, ಬೆರಳು ನೀವೇ ಒತ್ತಬೇಕು.

ಮೊದಲು ವೆಬ್‌ಸೈಟ್. ಸರ್ಕಾರದ್ದು ಪಾಸ್‌ಪೋರ್ಟ್‌ಇಂಡಿಯಾ ಡಾಟ್ ಗವ್ ಡಾಟ್ ಇನ್. ಆ 'ಗವ್' ಇದೆಯಾ ನೋಡಿಕೊಳ್ಳಿ. ಹುಡುಕಿದಾಗ ಇದೇ ಥರ ಕಾಣುವ ನಕಲಿ ಸೈಟ್‌ಗಳೂ ಬರುತ್ತವೆ. ಅರ್ಜಿ ತುಂಬಿಸಿಕೊಂಡು, ದುಡ್ಡೂ ಕಟ್ಟಿಸಿಕೊಂಡು ಕೈಗೆ ಏನೂ ಕೊಡುವುದಿಲ್ಲ. ವಿದೇಶಾಂಗ ಸಚಿವಾಲಯವೇ ಇವುಗಳ ಬಗ್ಗೆ ಎಚ್ಚರಿಸಿದೆ. ಫೋನಿನಲ್ಲಿ ಮಾಡುವುದಾದರೆ ಎಂಪಾಸ್‌ಪೋರ್ಟ್ ಸೇವಾ ಆ್ಯಪ್ ಇದೆ. ಆದರೆ ಫೋನಿನ ಸಣ್ಣ ಪರದೆಯಲ್ಲಿ ಅಕ್ಷರ ತಪ್ಪಿದ್ದು ಕಾಣುವುದಿಲ್ಲ, ಮಗನ ಲ್ಯಾಪ್‌ಟಾಪ್ ಇದ್ದರೆ ಅದರಲ್ಲೇ ಕೂತು ಮಾಡಿ. ಒಂದೇ ಲಾಗಿನ್‌ನಲ್ಲಿ ನಿಮ್ಮದೂ ಅತ್ತಿಗೆಯದೂ ಎರಡು ಅರ್ಜಿ ಹಾಕಬಹುದು.

ಅಲ್ಲಿ 'ರಿನ್ಯೂವಲ್' ಅಂತ ಹುಡುಕಿದರೆ ಸಿಗುವುದಿಲ್ಲ. ನಮ್ಮಲ್ಲಿ ಹತ್ತು ವರ್ಷ ಮುಗಿದ ಮೇಲೆ ಹೊಸ ಪುಸ್ತಕವನ್ನೇ ಕೊಡುತ್ತಾರೆ, ಆಯ್ಕೆಯ ಹೆಸರು ರೀಇಶ್ಯೂ. ಅವಧಿ ಮುಗಿಯಲು ಒಂದು ವರ್ಷ ಇರುವಾಗಲೇ ಅರ್ಜಿ ಹಾಕಬಹುದು. ನೀವು ಈಗ ಹಾಕಲೇಬೇಕು, ಯಾಕೆಂದರೆ ದುಬೈ ಇರುವ ಯುಎಇಗೆ ಹೋಗುವವರ ಪಾಸ್‌ಪೋರ್ಟಿನಲ್ಲಿ ಕನಿಷ್ಠ ಆರು ತಿಂಗಳ ಅವಧಿ ಉಳಿದಿರಬೇಕು. ಐದು ತಿಂಗಳು ಉಳಿದಿದೆಯಲ್ಲ, ಹೋಗಿಬಂದು ಮಾಡಿಸೋಣ ಅಂದರೆ ನಡೆಯುವುದಿಲ್ಲ. ಮಗಳಿಗೆ ಈಗಲೇ ಫೋನ್ ಮಾಡಿ, ಹಳೇ ಪಾಸ್‌ಪೋರ್ಟ್ ನಂಬರಿನಲ್ಲಿ ವೀಸಾಕ್ಕೂ ಟಿಕೆಟ್ಟಿಗೂ ಕೈ ಹಾಕಬೇಡ ಅಂತ ಹೇಳಿಬಿಡಿ.

ರೀಇಶ್ಯೂಗೆ ಕಾರಣ ಏನು ಅಂತ ಕೇಳುವ ಜಾಗದಲ್ಲಿ 'ಅವಧಿ ಮುಗಿಯುತ್ತಿದೆ ಅಥವಾ ಮೂರು ವರ್ಷದೊಳಗೆ ಮುಗಿದಿದೆ' ಅನ್ನುವ ಅರ್ಥದ್ದನ್ನು ಗುರುತು ಮಾಡಿ. ಅದರ ಜೊತೆಗೆ 'ವೈಯಕ್ತಿಕ ವಿವರಗಳಲ್ಲಿ ಬದಲಾವಣೆ' ಅನ್ನುವುದನ್ನೂ ಮಾಡಬೇಕು, ನಿಮ್ಮ ವಿಳಾಸ ಬದಲಾಗಿದೆ. ಅದನ್ನು ಆರಿಸಿದರೆ ಏನು ಬದಲಾವಣೆ ಅಂತ ಪಟ್ಟಿ ಬರುತ್ತದೆ: ಹೆಸರು, ಸರ್‌ನೇಮ್, ಸಹಿ, ವಿಳಾಸ, ಇಸಿಆರ್ ತೆಗೆಯುವುದು ಇತ್ಯಾದಿ. ಅತ್ತಿಗೆಯ ಅರ್ಜಿಯಲ್ಲಿ ವಿಳಾಸ ಮತ್ತು ಇಸಿಆರ್ ಎರಡನ್ನೂ ಗುರುತು ಮಾಡಿ.

ಇಸಿಆರ್ ಬಗ್ಗೆ ನೀವು ಹೆದರಿದ್ದು ಸುಮ್ಮನೆ. ಹತ್ತನೇ ತರಗತಿ ಪಾಸಾಗದವರು ಕೆಲಸಕ್ಕೆ ಅಂತ ಗಲ್ಫ್ ಮುಂತಾದ 18 ದೇಶಗಳಿಗೆ ಹೋಗುವಾಗ ಮೋಸಹೋಗದಿರಲಿ ಅಂತ ಇಟ್ಟ ತಪಾಸಣೆ ಅದು. ಮಗಳ ಮನೆಗೆ ವಿಸಿಟ್ ವೀಸಾದಲ್ಲಿ ಹೋಗುವವರಿಗೆ ಅಡ್ಡ ಬರುವುದಿಲ್ಲ. ಅಲ್ಲದೆ 50 ದಾಟಿದವರು ಓದು ಎಷ್ಟೇ ಇರಲಿ ನಾನ್-ಇಸಿಆರ್‌ಗೆ ಅರ್ಹರು. ಅತ್ತಿಗೆಗೆ 50 ದಾಟಿದೆ ಅಂದಿದ್ದೀರಿ, ಈ ಸಲ ತೆಗೆಸಿಬಿಡಿ, ಇಮಿಗ್ರೇಶನ್ ಕೌಂಟರಿನಲ್ಲಿ ಒಂದು ಪ್ರಶ್ನೆ ಕಮ್ಮಿ ಆಗುತ್ತದೆ.

ಈಗ ಹೆಸರು. ಸ್ವಲ್ಪ ನಿಧಾನವಾಗಿ ಓದಿ, ನಮ್ಮ ಕಡೆಯ ಎಲ್ಲರಿಗೂ ಬೇಕಾದದ್ದು ಇದು. ನಮಗೆ ಸರ್‌ನೇಮ್ ಅನ್ನುವುದೇ ಇಲ್ಲ. ಊರಿನ ಮೊದಲ ಅಕ್ಷರ, ಅಪ್ಪನ ಹೆಸರಿನ ಮೊದಲ ಅಕ್ಷರ, ಆಮೇಲೆ ನಮ್ಮ ಹೆಸರು. ಪಾಸ್‌ಪೋರ್ಟ್ ಅರ್ಜಿ ಇನಿಷಿಯಲ್ ಒಪ್ಪುವುದಿಲ್ಲ, ಬಿಡಿಸಿ ಬರೆಯಬೇಕು. ಬಿಡಿಸುವ ತಲೆನೋವು ಯಾಕೆ ಅಂತ ಹಿಂದೆ ಎಷ್ಟೋ ಜನ ಬರೀ ಹೆಸರು ಹಾಕಿ ಸರ್‌ನೇಮ್ ಖಾಲಿ ಬಿಟ್ಟಿದ್ದಾರೆ. ನಿಮ್ಮದೂ ಹಾಗೇ ಆಗಿರುವುದು. ಯುಎಇ 2022ರ ನವೆಂಬರ್ 21ರಿಂದ ಹೀಗೆ ಒಂದೇ ಪದದ ಹೆಸರಿರುವ ಪಾಸ್‌ಪೋರ್ಟ್ ಹಿಡಿದು ವಿಸಿಟ್ ವೀಸಾದಲ್ಲಿ ಬರುವವರನ್ನು ಒಳಗೆ ಬಿಡುವುದಿಲ್ಲ ಅಂದಿತು. ಪುಸ್ತಕದ ಎರಡನೇ ವಿವರ ಪುಟದಲ್ಲಿ ತಂದೆಯ ಹೆಸರೋ ಮನೆತನದ ಹೆಸರೋ ಇದ್ದರೆ ಒಪ್ಪುತ್ತೇವೆ ಅನ್ನುವ ಸ್ಪಷ್ಟೀಕರಣ ಆಮೇಲೆ ಬಂತು. ಅಂದರೆ ದಾರಿ ಮುಚ್ಚಿಲ್ಲ, ಆದರೆ ಏರ್‌ಲೈನ್ ಕೌಂಟರಿನಲ್ಲಿ ನಿಂತು ಪುಟ ತಿರುಗಿಸಿ ತೋರಿಸುವ ಪಾಡು ಬೇಕಾ? ಅಮೆರಿಕದ ವೀಸಾದಲ್ಲಂತೂ ಸರ್‌ನೇಮ್ ಖಾಲಿ ಇದ್ದರೆ ಇರುವ ಹೆಸರನ್ನೇ ಸರ್‌ನೇಮ್ ಮಾಡಿ, ಹೆಸರಿನ ಜಾಗದಲ್ಲಿ 'ಎಫ್‌ಎನ್‌ಯು' ಅಂತ ಹಾಕಿಬಿಡುತ್ತಾರೆ. ಮೊದಲ ಹೆಸರು ಗೊತ್ತಿಲ್ಲ ಅಂತ ಅದರ ಅರ್ಥ. ಆಮೇಲೆ ಎಲ್ಲಾ ಕಡೆ ಅದೇ ಹೆಸರು.

ಹಾಗಾಗಿ ರೀಇಶ್ಯೂ ಮಾಡಿಸುವಾಗಲೇ ಸರ್‌ನೇಮ್ ಸೇರಿಸಿಕೊಳ್ಳುವುದು ಒಳ್ಳೆಯದು, ಹತ್ತು ವರ್ಷಕ್ಕೊಮ್ಮೆ ಬರುವ ಅವಕಾಶ. ಆದರೆ ಅರ್ಜಿಯಲ್ಲಿ ಬರೆದರೆ ಸಾಲದು, ಕಾಗದ ಅದನ್ನೇ ಹೇಳಬೇಕು. ಆಧಾರ್‌ನಲ್ಲಿ ಬರೀ ಇನಿಷಿಯಲ್ ಇದ್ದು ಪಾಸ್‌ಪೋರ್ಟ್ ಅರ್ಜಿಯಲ್ಲಿ ಊರಿನ ಹೆಸರು ಬಿಡಿಸಿ ಬರೆದರೆ ಕೌಂಟರಿನಲ್ಲಿ ತಡೆಯುತ್ತಾರೆ. ಮೊದಲು ಆಧಾರ್, ಪ್ಯಾನ್ ಎರಡರಲ್ಲೂ ಬಿಡಿಸಿಕೊಳ್ಳಿ, ಆಮೇಲೆ ಪಾಸ್‌ಪೋರ್ಟಿಗೆ ಬನ್ನಿ. ಆಧಾರ್‌ನಲ್ಲಿ ಹೆಸರು ತಿದ್ದಲು ಜೀವಮಾನದಲ್ಲಿ ಎರಡೇ ಅವಕಾಶ, ಯೋಚಿಸಿ ಮಾಡಿ. ಮಗಳ ಹೆರಿಗೆ ಹತ್ತಿರವಿದ್ದು ಅಷ್ಟು ಸಮಯ ಇಲ್ಲ ಅನಿಸಿದರೆ ಈ ಸಲ ಹೆಸರು ಮುಟ್ಟಬೇಡಿ, ತಂದೆಯ ಹೆಸರು ಸರಿಯಾಗಿದೆಯಾ ಅಂತ ಮಾತ್ರ ನೋಡಿಕೊಂಡು ಮುಂದುವರಿಯಿರಿ. ನಾನಾದರೆ ನಿಮ್ಮ ಜಾಗದಲ್ಲಿ ಆಧಾರ್ ತಿದ್ದುಪಡಿ ಇವತ್ತೇ ಶುರುಮಾಡಿ ಒಂದು ತಿಂಗಳು ಕಾದು ನೋಡುತ್ತಿದ್ದೆ.

ಇನ್ನು ಅಕ್ಷರ. ಕನ್ನಡದ 'ತಿ'ಯನ್ನು ಇಂಗ್ಲಿಷಿನಲ್ಲಿ ಬರೆಯುವಾಗ 'ಟಿ' ಆದ ಮೇಲೆ 'ಎಚ್' ಇದೆಯೋ ಇಲ್ಲವೋ, ರಾಮ ಅನ್ನುವಾಗ ಕೊನೆಗೆ 'ಎ' ಇದೆಯೋ ಇಲ್ಲವೋ: ಗಣಪತಿ, ಪಾರ್ವತಿ, ಸೀತಾರಾಮ ಇರುವ ಮನೆಗಳಲ್ಲೆಲ್ಲ ಇದೇ ಕಥೆ. ಹಳೇ ಪಾಸ್‌ಪೋರ್ಟ್, ಆಧಾರ್, ಮಾರ್ಕ್ಸ್‌ಕಾರ್ಡ್ ಮೂರನ್ನೂ ಮೇಜಿನ ಮೇಲೆ ಸಾಲಾಗಿ ಇಟ್ಟು ಒಂದೊಂದೇ ಅಕ್ಷರ ಬೆರಳಿಟ್ಟು ನೋಡಿ. ನಿಮ್ಮ ಹೆಸರಿನಷ್ಟೇ ಅಪ್ಪ, ಅಮ್ಮ, ಹೆಂಡತಿಯ ಹೆಸರನ್ನೂ ನೋಡಿ.

ವಿಳಾಸದಲ್ಲಿ ತೋಟದ ಮನೆಯವರಿಗೆ ಎರಡು ತೊಂದರೆ. ಒಂದು, ಮನೆ ನಂಬರ್ ಇರುವುದಿಲ್ಲ ಅಥವಾ ಒಂದೊಂದು ಕಾಗದದಲ್ಲಿ ಒಂದೊಂದು ಥರ ಇರುತ್ತದೆ. ನೀವು ಯಾವ ಕಾಗದವನ್ನು ವಿಳಾಸಕ್ಕೆ ಸಾಕ್ಷಿಯಾಗಿ ಕೊಡುತ್ತೀರೋ ಅದರಲ್ಲಿ ಇದ್ದ ಹಾಗೇ ಬರೆಯಿರಿ, ನಿಮ್ಮ ಜಾಣತನ ಸೇರಿಸಬೇಡಿ. ಆಧಾರ್, ವೋಟರ್ ಐಡಿ, ಕರೆಂಟ್ ಬಿಲ್, ಗ್ಯಾಸ್ ಕನೆಕ್ಷನ್ ಕಾಗದ, ಫೋಟೋ ಇರುವ ಬ್ಯಾಂಕ್ ಪಾಸ್‌ಬುಕ್ ಇವೆಲ್ಲ ನಡೆಯುತ್ತವೆ. ಪಂಪ್‌ಸೆಟ್ಟಿನ ಆರ್‌ಆರ್ ನಂಬರಿನ ಕಾಗದ ತೆಗೆದುಕೊಂಡು ಹೋಗಬೇಡಿ, ಮನೆಯದ್ದು ಬೇಕು. ಎರಡು, ಪೊಲೀಸ್ ಠಾಣೆ. ಪಟ್ಟಿಯಲ್ಲಿ ಠಾಣೆ ಆರಿಸಬೇಕು. ಅಂಚೆ ಒಂದು ಊರಿನದು, ಪಂಚಾಯಿತಿ ಇನ್ನೊಂದರದು, ಠಾಣೆ ಮೂರನೆಯದ್ದು ಆಗಿರುವುದು ನಮ್ಮಲ್ಲಿ ಮಾಮೂಲಿ. ಟೌನ್ ಠಾಣೆ, ಗ್ರಾಮಾಂತರ ಠಾಣೆ ಎರಡೂ ಇರುವ ಕಡೆ ಏಜೆಂಟರು ಮೊದಲು ಕಂಡದ್ದನ್ನು ಒತ್ತಿಬಿಡುತ್ತಾರೆ. ಆಗ ಫೈಲ್ ಬೇರೆ ಠಾಣೆಗೆ ಹೋಗಿ, ಅವರು 'ನಮ್ಮ ವ್ಯಾಪ್ತಿಯಲ್ಲ' ಅಂತ ವಾಪಸ್ ಕಳಿಸಿ, ಪರಿಶೀಲನೆ ಅಲ್ಲೇ ನಿಲ್ಲುತ್ತದೆ. ನಿಮ್ಮ ಬೀಟ್ ಪೊಲೀಸರನ್ನು ಕೇಳಿಕೊಂಡೇ ತುಂಬಿ.

ಜಮೀನಿನ ದಾವೆ ಬಗ್ಗೆ: ಅರ್ಜಿಯಲ್ಲಿ ಕೇಳುವುದು ಕ್ರಿಮಿನಲ್ ಪ್ರಕರಣ. ಪಾಲಿನ ದಾವೆ, ಬೇಲಿ, ದಾರಿ, ತಡೆಯಾಜ್ಞೆ ಇವೆಲ್ಲ ಸಿವಿಲ್, ಇವುಗಳಿಂದ ಪಾಸ್‌ಪೋರ್ಟ್ ನಿಲ್ಲುವುದಿಲ್ಲ. ಆದರೆ ಬೇಲಿ ಜಗಳ ಹೊಡೆದಾಟಕ್ಕೆ ಹೋಗಿ ಚಾರ್ಜ್‌ಶೀಟ್ ಆಗಿ ಕ್ರಿಮಿನಲ್ ಕೋರ್ಟಿನಲ್ಲಿ ಕೇಸ್ ನಡೆಯುತ್ತಿದ್ದರೆ ಲೆಕ್ಕ ಬೇರೆ. ಆಗ ಆ ಕೋರ್ಟಿನಿಂದಲೇ ವಿದೇಶಕ್ಕೆ ಹೋಗಲು ಅನುಮತಿ ತಂದರೆ ಪಾಸ್‌ಪೋರ್ಟ್ ಕೊಡಲು 1993ರ ಆಗಸ್ಟ್ 25ರ ಅಧಿಸೂಚನೆಯಲ್ಲಿ ಅವಕಾಶ ಇದೆ, ವಕೀಲರಿಗೆ ಹೇಳಿದರೆ ಗೊತ್ತಾಗುತ್ತದೆ. ಇಲ್ಲ ಅಂತ ಸುಳ್ಳು ಬರೆಯಬೇಡಿ. ಪೊಲೀಸ್ ವರದಿಯಲ್ಲಿ ಬರುತ್ತದೆ, 1967ರ ಪಾಸ್‌ಪೋರ್ಟ್ ಕಾಯ್ದೆಯಲ್ಲಿ ಅದೂ ಒಂದು ಅಪರಾಧ.

ಶುಲ್ಕ 36 ಪುಟದ್ದಕ್ಕೆ ತಲಾ 1,500 ರೂಪಾಯಿ, 60 ಪುಟದ್ದಕ್ಕೆ 2,000. ನಿಮಗೆ 36 ಸಾಕು. ತತ್ಕಾಲ್‌ಗೆ ಇನ್ನೂ 2,000 ಹೆಚ್ಚು, ನಿಮಗೆ ಅದರ ಅಗತ್ಯ ಕಾಣುವುದಿಲ್ಲ. ಮೇಲೊಬ್ಬರು 60 ದಾಟಿದವರಿಗೆ ಶೇ. 10 ರಿಯಾಯಿತಿ ಇದೆ ಅಂದಿದ್ದರು. ಅದು ಮೊದಲ ಸಲ ಮಾಡಿಸುವವರಿಗೆ ಮಾತ್ರ, ರೀಇಶ್ಯೂಗೆ ಸಿಗುವುದಿಲ್ಲ. ದುಡ್ಡು ಕಟ್ಟಿದ ಮೇಲೆಯೇ ಅಪಾಯಿಂಟ್‌ಮೆಂಟ್. ಬೆಂಗಳೂರಿಗೇ ಹೋಗಬೇಕು ಅಂತ ಏಜೆಂಟ್ ಹೇಳಿದ್ದು ಸುಳ್ಳು. ಇಡೀ ರಾಜ್ಯಕ್ಕೆ ಪ್ರಾದೇಶಿಕ ಕಚೇರಿ ಬೆಂಗಳೂರಿನದೇ ಆದರೂ ಮಂಗಳೂರು, ಹುಬ್ಬಳ್ಳಿಯಲ್ಲೂ ಸೇವಾ ಕೇಂದ್ರಗಳಿವೆ. ಅಂಚೆ ಕಚೇರಿಯೊಳಗಿನ ಪಾಸ್‌ಪೋರ್ಟ್ ಕೇಂದ್ರ ದೇಶದಲ್ಲಿ ಮೊದಲು ಶುರುವಾದ ಎರಡು ಊರುಗಳಲ್ಲಿ ಮೈಸೂರು ಒಂದು, 2017ರ ಜನವರಿಯಲ್ಲಿ. ಈಗ ಹಲವು ಜಿಲ್ಲೆಗಳಲ್ಲಿವೆ. ಹತ್ತಿರದ್ದರಲ್ಲಿ ಯಾವತ್ತು ಖಾಲಿ ಇದೆ ನೋಡಿ ಆರಿಸಿ.

ಏನೇನು ಕಾಗದ ಬೇಕು ಅನ್ನುವುದಕ್ಕೆ ಯಾರ ಪಟ್ಟಿಯನ್ನೂ ನಂಬಬೇಡಿ, ನನ್ನದನ್ನೂ. ಸೈಟಿನಲ್ಲೇ ಡಾಕ್ಯುಮೆಂಟ್ ಅಡ್ವೈಸರ್ ಅಂತ ಇದೆ, ನಿಮ್ಮ ವಿವರ ಆರಿಸಿದರೆ ನಿಮಗೆ ಬೇಕಾದ್ದನ್ನು ಮಾತ್ರ ಹೇಳುತ್ತದೆ. ಹಳೇ ಪಾಸ್‌ಪೋರ್ಟ್ ಅಸಲು, ಅದರ ಮೊದಲ ಎರಡು ಮತ್ತು ಕೊನೆಯ ಎರಡು ಪುಟಗಳ ಜೆರಾಕ್ಸ್ ಮೇಲೆ ನಿಮ್ಮದೇ ಸಹಿ, ಇದು ಮಾತ್ರ ಖಂಡಿತ. ಹೊರಡುವ ಮೊದಲು ಪೆಟ್ಟಿಗೆಯಿಂದ ತೆಗೆದು ನೋಡಿ. ಮಲೆನಾಡಿನ ಮಳೆಗೆ ಪುಟ ಅಂಟಿಕೊಂಡಿದ್ದರೆ, ಗೆದ್ದಲೋ ಇಲಿಯೋ ಮುಟ್ಟಿದ್ದರೆ ಅದು 'ಹಾಳಾದ ಪಾಸ್‌ಪೋರ್ಟ್' ಲೆಕ್ಕಕ್ಕೆ ಹೋಗುತ್ತದೆ. ಅವಧಿ ಇನ್ನೂ ಇರುವಾಗ ಹಾಗಾದರೆ ಶುಲ್ಕವೇ 3,000.

ಆ ದಿನ ಬಿಳಿ ಅಂಗಿ ಬೇಡ. ಫೋಟೋ ಅಲ್ಲೇ ತೆಗೆಯುತ್ತಾರೆ, ಹಿಂದಿನ ಪರದೆ ಬಿಳಿ, ಅಂಗಿಯೂ ಬಿಳಿಯಾದರೆ ಕುತ್ತಿಗೆಯಿಂದ ಕೆಳಗೆ ಏನೂ ಕಾಣುವುದಿಲ್ಲ. ಬೆರಳಚ್ಚಿನ ಕಥೆ ನಮ್ಮವರದ್ದೇ ವಿಶೇಷ. ಅಡಿಕೆ ಸುಲಿದ ಕೈಗೆ ಚೊಗರು ಹತ್ತಿ ಗೆರೆಗಳೇ ಮುಚ್ಚಿರುತ್ತವೆ, ಸುಣ್ಣ ಕಲಸಿದ ಕೈಯಾದರೆ ಚರ್ಮ ಒಡೆದಿರುತ್ತದೆ. ನಮ್ಮಪ್ಪನನ್ನು ಕರೆದುಕೊಂಡು ಹೋದಾಗ ಯಂತ್ರ ಹೆಬ್ಬೆರಳನ್ನು ಒಪ್ಪಲೇ ಇಲ್ಲ. ಕೌಂಟರಿನ ಹುಡುಗಿ ಒದ್ದೆ ಬಟ್ಟೆಯಲ್ಲಿ ಒರೆಸಿ, ತನ್ನ ಕೈಯಿಂದ ಬೆರಳನ್ನು ಗಾಜಿನ ಮೇಲೆ ಒತ್ತಿ ಹಿಡಿದ ಮೇಲೆ ಹಸಿರು ದೀಪ ಬಂತು. ನಾಲ್ಕು ದಿನ ಮೊದಲೇ ಸುಲಿಯುವುದು, ಕೊಳೆರೋಗಕ್ಕೆ ಹೊಡೆಯುವ ಬೋರ್ಡೋ ದ್ರಾವಣ ಕಲಸುವುದು ನಿಲ್ಲಿಸಿ, ರಾತ್ರಿ ಕೊಬ್ಬರಿ ಎಣ್ಣೆ ಹಚ್ಚಿಕೊಳ್ಳಿ.

ಒಳಗೆ ಎ, ಬಿ, ಸಿ ಅಂತ ಮೂರು ಕೌಂಟರ್. ಎ ಕೌಂಟರಿನಲ್ಲಿ ಕಾಗದ ಸ್ಕ್ಯಾನ್ ಮಾಡಿ, ಫೋಟೋ, ಬೆರಳಚ್ಚು ತೆಗೆದು, ಟೈಪ್ ಆದ ವಿವರವನ್ನು ಪರದೆಯಲ್ಲಿ ನಿಮಗೆ ತೋರಿಸುತ್ತಾರೆ. ಕನ್ನಡಕ ಮರೆಯದೆ ಒಯ್ಯಿರಿ. 'ಸರಿ ಇದೆಯಾ' ಅಂದಾಗ ಹಿಂದೆ ಸಾಲು ನಿಂತಿದೆ ಅಂತ ತಲೆಯಾಡಿಸಬೇಡಿ, ಪೂರ್ತಿ ಓದಿ. ತಿದ್ದಲು ಸುಲಭದ ಜಾಗ ಅದೇ. ಬಿ, ಸಿ ಎರಡೂ ಸರ್ಕಾರಿ ಅಧಿಕಾರಿಗಳದ್ದು, ಅಸಲು ನೋಡಿ ಒಂದೆರಡು ಪ್ರಶ್ನೆ ಕೇಳಿ ಕಳಿಸುತ್ತಾರೆ. ಹೊರಗೆ ಬರುವಾಗ ಫೈಲ್ ನಂಬರ್ ಇರುವ ಚೀಟಿ ಕೊಡುತ್ತಾರೆ.

ಪೊಲೀಸ್ ಪರಿಶೀಲನೆ ಯಾವಾಗ ಅನ್ನುವುದನ್ನು ಕಚೇರಿಯವರೇ ತೀರ್ಮಾನಿಸುತ್ತಾರೆ. ವಿಳಾಸ ಬದಲಾಗಿರುವುದರಿಂದ ನಿಮಗೆ ಬರುತ್ತದೆ ಅಂತಲೇ ಇಟ್ಟುಕೊಳ್ಳಿ. ಅಷ್ಟು ದಿನ ಮದುವೆ, ಗೃಹಪ್ರವೇಶ ಅಂತ ಊರು ಬಿಡಬೇಡಿ. ಮನೆಯಲ್ಲಿ ಸಿಗಲಿಲ್ಲ ಅಂತ ವರದಿ ಹೋದರೆ ಮತ್ತೆ ಎಬ್ಬಿಸುವುದು ಕಷ್ಟ. ಇದಕ್ಕೆ ಬೇರೆ ಶುಲ್ಕ ಇಲ್ಲ, ನೀವು ಕಟ್ಟಿದ್ದರಲ್ಲೇ ಸೇರಿದೆ. ಪುಸ್ತಕ ಸ್ಪೀಡ್ ಪೋಸ್ಟಿನಲ್ಲಿ ಬರುತ್ತದೆ, ನಿಮ್ಮ ಕೈಗೇ ಕೊಡುತ್ತಾರೆ. ಮುಖಪುಟದಲ್ಲಿ ಚಿಕ್ಕ ಚಿನ್ನದ ಬಣ್ಣದ ಗುರುತು ಕಂಡರೆ ಗಾಬರಿಯಾಗಬೇಡಿ, ಅದು ಒಳಗೆ ಚಿಪ್ ಇರುವ ಇ-ಪಾಸ್‌ಪೋರ್ಟ್. ಹಳೆಯದನ್ನು ರದ್ದು ಮಾಡಿ ವಾಪಸ್ ಕೊಡುತ್ತಾರೆ, ಅದರಲ್ಲಿ ಅವಧಿ ಇರುವ ವೀಸಾ ಯಾವುದಾದರೂ ಇದ್ದರೆ ಎರಡನ್ನೂ ಜೊತೆಗೆ ಒಯ್ಯಬೇಕು.

ತುಂಬುವಾಗ ಎಲ್ಲಿ ಸಿಕ್ಕಿಕೊಂಡರೂ ಇಲ್ಲೇ ಕೇಳಿ. ಫೈಲ್ ನಂಬರ್, ಹುಟ್ಟಿದ ದಿನಾಂಕ ಮಾತ್ರ ಗುಂಪಿನಲ್ಲಿ ಹಾಕಬೇಡಿ ಅಣ್ಣಾ, ಅವೆರಡಿದ್ದರೆ ಯಾರು ಬೇಕಾದರೂ ನಿಮ್ಮ ಅರ್ಜಿಯ ಸ್ಥಿತಿ ತೆಗೆದು ನೋಡಬಹುದು.