ಶಂಕರಘಟ್ಟದಿಂದ ಅಮೆರಿಕದ ನೀರಿನ ಲ್ಯಾಬಿಗೆ ಹೊರಟವರಿಗೆ

ನಮಸ್ಕಾರ. ನಿಮ್ಮ ಪತ್ರ ಓದಿದೆ. ತೀರ್ಥಹಳ್ಳಿ ಕಡೆಯವರು, ಶಂಕರಘಟ್ಟದ ಕುವೆಂಪು ವಿಶ್ವವಿದ್ಯಾಲಯದಲ್ಲಿ ಎಂ.ಎಸ್ಸಿ. ಮೈಕ್ರೋಬಯಾಲಜಿ ಮುಗಿಸಿದ್ದೀರಿ, ಆಗಸ್ಟಿನಲ್ಲಿ ಇಲ್ಲಿನ ವಿಶ್ವವಿದ್ಯಾಲಯಕ್ಕೆ ಪಿಎಚ್.ಡಿ.ಗೆ ಬರುತ್ತಿದ್ದೀರಿ. ನೀರು ಮತ್ತು ಸಾರ್ವಜನಿಕ ಆರೋಗ್ಯದ ಲ್ಯಾಬು. ನೀವು ಕೇಳಿದ್ದು ನಾಲ್ಕು: ದಿನದ ಕೆಲಸ ಹೇಗಿರುತ್ತದೆ, ಮಂಗನ ಕಾಯಿಲೆ ಮೇಲೆ ಇಲ್ಲಿಂದಲೇ ಕೆಲಸ ಮಾಡಬಹುದೇ, ಓದು ಮುಗಿದ ಮೇಲೆ ನೆಲೆ ಸಿಗುತ್ತದೆಯೇ, ಊರಿಂದ ಏನೇನು ತರಬೇಕು.

ಮೊದಲನೆಯದಕ್ಕೇ ಹೆಚ್ಚು ಬರೆಯುತ್ತೇನೆ, ಉಳಿದದ್ದೆಲ್ಲ ಅದಕ್ಕೇ ತಗಲಿಕೊಂಡಿದೆ. ಈ ವಿದ್ಯೆಯಲ್ಲಿ ಬ್ಯಾಕ್ಟೀರಿಯಾ ಬೆಳೆಸುವುದು ಯಾರಿಗೂ ಬರುತ್ತದೆ. ಎಣಿಸಿದ ಅಂಕಿಯನ್ನು ಇನ್ನೊಬ್ಬರು ನಂಬಬೇಕಲ್ಲ, ಕಷ್ಟ ಇರುವುದು ಅಲ್ಲಿ. ಕೆರೆಯಲ್ಲಿ ಈಜಲು ಜನರನ್ನು ಬಿಡಬೇಕೋ ಬೇಡವೋ ಎಂದು ಕೌಂಟಿಯ (ಇಲ್ಲಿನ ಜಿಲ್ಲೆ) ಆರೋಗ್ಯ ಇಲಾಖೆ ತೀರ್ಮಾನಿಸುವುದು ಇಂಥ ಅಂಕಿಯ ಮೇಲೆ. ಅದು ತಪ್ಪಿದರೆ ಮಕ್ಕಳಿಗೆ ಕಾಯಿಲೆ ಬರುತ್ತದೆ, ಇಲ್ಲವೇ ಸುಮ್ಮನೆ ಒಂದು ಊರಿನ ಬೇಸಿಗೆಯ ದುಡಿಮೆ ಹೋಗುತ್ತದೆ. ಹಾಗಾಗಿ ಇಲ್ಲಿ ನಿಮ್ಮನ್ನು ಅಳೆಯುವುದು ನಿಮ್ಮ ಲಾಗ್ ಪುಸ್ತಕದಿಂದ: ಯಾವ ಗಂಟೆಗೆ ಸ್ಯಾಂಪಲ್ ತೆಗೆದದ್ದು, ಐಸ್ ಪೆಟ್ಟಿಗೆಯೊಳಗೆ ಎಷ್ಟು ಡಿಗ್ರಿ ಇತ್ತು, ಬ್ಲ್ಯಾಂಕ್ (ಹೋಲಿಕೆಗೆ ಹಾಕುವ ಶುದ್ಧ ನೀರಿನ ಸ್ಯಾಂಪಲ್) ಶುದ್ಧ ಬಂತೇ, ಇಲ್ಲವಾದರೆ ಆ ದಿನದ ಫಲಿತಾಂಶ ಏನು ಮಾಡಿದಿರಿ.

ತಪ್ಪು ಹೆಚ್ಚಾಗಿ ಬಾಟಲಿಯಲ್ಲೇ ಶುರುವಾಗುತ್ತದೆ. ಕ್ಲೋರಿನ್ ಹಾಕಿದ ನಲ್ಲಿ ನೀರಾದರೆ ಬಾಟಲಿಯಲ್ಲಿ ಮೊದಲೇ ಸೋಡಿಯಂ ಥಯೋಸಲ್ಫೇಟ್ ಇರಬೇಕು. ಇಲ್ಲದಿದ್ದರೆ ಲ್ಯಾಬಿಗೆ ಬರುವ ದಾರಿಯಲ್ಲೂ ಕ್ಲೋರಿನ್ ಬ್ಯಾಕ್ಟೀರಿಯಾವನ್ನು ಕೊಲ್ಲುತ್ತಲೇ ಇರುತ್ತದೆ, ಕೆಟ್ಟ ನೀರೂ ಒಳ್ಳೆಯದೆಂದು ಬರುತ್ತದೆ. ಆ ಪುಡಿ ಇದೆಯೆಂದೇ ಬಾಟಲಿಯನ್ನು ತೊಳೆಯಬಾರದು. ಹೊಳೆಯಲ್ಲಾದರೆ ಬಾಟಲಿಯ ಬಾಯಿ ಹರಿವಿಗೆ ಎದುರಾಗಿ, ಮೇಲ್ಮೈಯಿಂದ 15-30 ಸೆಂ.ಮೀ. ಕೆಳಗೆ. ಕಂಠಮಟ್ಟ ತುಂಬಬೇಡಿ; ಎರಡೂವರೆ ಸೆಂ.ಮೀ. ಖಾಲಿ ಇಲ್ಲದಿದ್ದರೆ ಕುಲುಕಲು ಆಗುವುದಿಲ್ಲ, ತಳಕ್ಕಿಳಿದ ಮಣ್ಣಿನ ಜೊತೆ ಬ್ಯಾಕ್ಟೀರಿಯಾ ತಳದಲ್ಲೇ ಉಳಿಯುತ್ತದೆ. 10 ಡಿಗ್ರಿಗಿಂತ ತಂಪಾಗಿಡಬೇಕು, ಹೆಪ್ಪುಗಟ್ಟಬಾರದು. ಹೊಳೆ-ಕೆರೆಯ ನೀರು ಆರು ಗಂಟೆಯೊಳಗೆ ಲ್ಯಾಬು ಸೇರಬೇಕು, ಸೇರಿದ ಎರಡು ಗಂಟೆಯೊಳಗೆ ಫಿಲ್ಟರ್ ಆಗಬೇಕು.

ಮಲದಲ್ಲಿರುವ ಬ್ಯಾಕ್ಟೀರಿಯಾ ಇ. ಕೋಲೈ ಎಣಿಸಲು ಪರಿಸರ ಸಂರಕ್ಷಣಾ ಸಂಸ್ಥೆ ಇಪಿಎಯ 1603ನೇ ವಿಧಾನ ನಿಮ್ಮ ಕೈಗೆ ಬೇಗ ಬರುತ್ತದೆ. 0.45 ಮೈಕ್ರಾನ್ ರಂಧ್ರದ ಮೆಂಬ್ರೇನಿನ (ತೆಳು ಸೋಸುಹಾಳೆ) ಮೂಲಕ ನೀರು ಎಳೆದು, ಅದನ್ನು ಮಾಡಿಫೈಡ್ ಎಂ-ಟೆಕ್ ಅಗಾರ್ (ಬ್ಯಾಕ್ಟೀರಿಯಾ ಬೆಳೆಸುವ ಗಟ್ಟಿ ಆಹಾರ) ಮೇಲೆ ಗಾಳಿಗುಳ್ಳೆ ನಿಲ್ಲದ ಹಾಗೆ ಕೂರಿಸಿ, 35 ಡಿಗ್ರಿಯಲ್ಲಿ ಎರಡು ಗಂಟೆ, ಆಮೇಲೆ 44.5 ಡಿಗ್ರಿಯಲ್ಲಿ 20ರಿಂದ 24 ಗಂಟೆ. ಕೆಂಪು ಅಥವಾ ಕೆನ್ನೇರಳೆ ಕಾಲನಿ, ಅಂದರೆ ಒಂದೊಂದು ಕೋಶದಿಂದ ಬೆಳೆದ ಚುಕ್ಕೆ, ಎಣಿಸುವುದು. ಮೊದಲ ಎರಡು ಗಂಟೆ ಬಿಟ್ಟರೆ ಕ್ಲೋರಿನ್ನಿಗೋ ಬಿಸಿಲಿಗೋ ಬಳಲಿದ ಕೋಶಗಳು ಚೇತರಿಸಿಕೊಳ್ಳದೆ ಲೆಕ್ಕದಿಂದ ತಪ್ಪಿಹೋಗುತ್ತವೆ. 44.5ಕ್ಕೆ 0.2 ಡಿಗ್ರಿ ಮಾತ್ರ ಆಚೀಚೆ ಇರಬಹುದು; ಮೇಲೆ ಹೋದರೆ ಇ. ಕೋಲೈಯೇ ಬೆಳೆಯುವುದಿಲ್ಲ, ಕೆಳಗೆ ಬಂದರೆ ಬೇರೆಯವು ನುಗ್ಗುತ್ತವೆ. ಅದಕ್ಕೇ ಗಾಳಿಯ ಇನ್‌ಕ್ಯುಬೇಟರಿಗಿಂತ ವಾಟರ್ ಬಾತ್ ವಾಸಿ. ತಟ್ಟೆಯಲ್ಲಿ 20ರಿಂದ 80 ಕಾಲನಿ ಇದ್ದರೆ ಮಾತ್ರ ಆ ಲೆಕ್ಕಕ್ಕೆ ಬೆಲೆ. ಮುಂಗಾರಿನ ತುಂಗೆಯ ಕೆಂಪು ನೀರು ನೋಡಿದವರು ನೀವು. ಅಂಥ ನೀರನ್ನು 100 ಮಿ.ಲೀ. ಸುರಿದರೆ ಮೆಂಬ್ರೇನ್ ಕಟ್ಟಿಕೊಳ್ಳುತ್ತದೆ, ಕಾಲನಿಗಳು ಒಂದರ ಮೇಲೊಂದು ಹರಡುತ್ತವೆ. ಹಾಗಾಗಿ 1, 10, 100 ಮಿ.ಲೀ. ಮೂರನ್ನೂ ಹಾಕಬೇಕು. ಒಂದು ಮಿ.ಲೀ.ಯನ್ನು ನೇರ ಹಾಕದೆ, ಫನಲ್ಲಿಗೆ ಮೊದಲು ಸ್ಟೆರೈಲ್ ಬಫರ್ ಸುರಿದು ಅದರಲ್ಲಿ ಬೆರೆಸಿ, ಇಲ್ಲದಿದ್ದರೆ ಎಲ್ಲವೂ ಒಂದೇ ಮೂಲೆಯಲ್ಲಿ ಕೂರುತ್ತವೆ. ಬಂದ ಅಂಕಿಯನ್ನು ಹೋಲಿಸುವುದು 2012ರ ಮಾನದಂಡಕ್ಕೆ: 100 ಮಿ.ಲೀ.ಗೆ ಜ್ಯಾಮಿತೀಯ ಸರಾಸರಿ 126 ಮೀರಬಾರದು, ಹತ್ತರಲ್ಲಿ ಒಂದಕ್ಕಿಂತ ಹೆಚ್ಚು ಸ್ಯಾಂಪಲ್ 410 ದಾಟಬಾರದು.

ಇ. ಕೋಲೈ ಸಿಕ್ಕಿತೆಂದರೆ ಮಲ ಸೇರಿದೆ ಎಂದು ಗೊತ್ತಾಗುತ್ತದೆ, ದನದ್ದೋ ಮನುಷ್ಯರದ್ದೋ ಗೊತ್ತಾಗುವುದಿಲ್ಲ. ಮನುಷ್ಯರದ್ದೆಂದು ಹಿಡಿಯಲು ಎಚ್‌ಎಫ್183 ಎಂಬ ಗುರುತನ್ನು (ಮನುಷ್ಯರ ಕರುಳಿನ ಬ್ಯಾಕ್ಟೀರಾಯ್ಡಿಸ್ ಬ್ಯಾಕ್ಟೀರಿಯಾದ ಡಿಎನ್‌ಎ ತುಣುಕು), ಡಿಎನ್‌ಎ ನಕಲು ಮಾಡುತ್ತ ಎಣಿಸುವ ಕ್ಯೂಪಿಸಿಆರ್‌ನಲ್ಲಿ ಹುಡುಕುತ್ತಾರೆ. ಅಲ್ಲಿ ನಿಮಗೆ ಮೊದಲು ಎದುರಾಗುವ ತೊಂದರೆ ನಮ್ಮ ಕಾನಿನ ಹಳ್ಳದಲ್ಲೂ ಇರುವಂಥದ್ದು. ಎಲೆ ಕೊಳೆತು ಚಹಾ ಬಣ್ಣ ಬಂದ ನೀರಿನ ಹ್ಯೂಮಿಕ್ ಆಮ್ಲ ಪಿಸಿಆರ್ ಕಿಣ್ವವನ್ನೇ ಕಟ್ಟಿಹಾಕುತ್ತದೆ, ಗುರುತು ಇದ್ದರೂ ಇಲ್ಲವೆಂದು ಬರುತ್ತದೆ. ಪ್ರತಿ ಸ್ಯಾಂಪಲ್ಲಿಗೂ ಗೊತ್ತಿರುವ ಪ್ರಮಾಣದ ಬೇರೆ ಡಿಎನ್‌ಎ ಸೇರಿಸಿ ಅದು ಪೂರ್ತಿ ವಾಪಸ್ ಬರುತ್ತದೆಯೇ ನೋಡಿ. ಬರದಿದ್ದರೆ ಐದು ಪಟ್ಟೋ ಹತ್ತು ಪಟ್ಟೋ ತೆಳು ಮಾಡಿ ಮತ್ತೆ ಓಡಿಸಿ. ಗೊತ್ತಿರುವ ಪ್ರಮಾಣಗಳಿಂದ ಎಳೆದ ಸ್ಟ್ಯಾಂಡರ್ಡ್ ಕರ್ವಿನ ದಕ್ಷತೆ 90ರಿಂದ 110 ಪ್ರತಿಶತದೊಳಗಿರಲಿ. ಫೀಲ್ಡ್ ಬ್ಲ್ಯಾಂಕ್, ಎಕ್ಸ್‌ಟ್ರಾಕ್ಷನ್ ಬ್ಲ್ಯಾಂಕ್, ಟೆಂಪ್ಲೇಟ್ (ಸ್ಯಾಂಪಲ್ಲಿನ ಡಿಎನ್‌ಎ) ಹಾಕದ ಪಿಸಿಆರ್ ತಟ್ಟೆಯ ಗುಳಿ, ಮೂರೂ ಬೇರೆ ಬೇರೆ ಇರಬೇಕು. ಕೊಳೆ ಎಲ್ಲಿ ಸೇರಿತೆಂದು ತಿಳಿಯುವುದು ಅದರಿಂದಲೇ. ಪಿಸಿಆರ್ ಆದ ಕೋಣೆಯಿಂದ ಮಿಕ್ಸ್ ಮಾಡುವ ಕೋಣೆಗೆ ಅದೇ ದಿನ ಕಾಲಿಡಬಾರದು.

ಗಮನಿಸಿ, ಲ್ಯಾಬು ಆರಿಸುವಾಗ ಹೊಳೆಗೂ ಕಳಿಸಿ, ಪಿಸಿಆರ್ ಮುಂದೆಯೂ ಕೂರಿಸುವ ಗೈಡ್ ಹತ್ತಿರವೇ ಸೇರಿ. ಬೇರೆಯವರು ತಂದ ಟ್ಯೂಬನ್ನೇ ಐದು ವರ್ಷ ಓಡಿಸಿದವರಿಗೆ ಅಂಕಿ ಯಾಕೆ ವಿಚಿತ್ರ ಬಂತೆಂದು ಹೇಳಲು ಬರುವುದಿಲ್ಲ. ಇಲ್ಲಿ ಸ್ಯಾಂಪಲ್ಲಿಗೆ ಕಾರಲ್ಲೇ ಹೋಗಬೇಕು, ವಿಶ್ವವಿದ್ಯಾಲಯದ ಗಾಡಿ ಓಡಿಸಲು ಸಾಮಾನ್ಯವಾಗಿ ಇಲ್ಲಿನ ಲೈಸೆನ್ಸೇ ಕೇಳುತ್ತಾರೆ. ಊರಲ್ಲೇ ಡ್ರೈವಿಂಗ್ ಕಲಿತು ಬನ್ನಿ.

ಮಂಗನ ಕಾಯಿಲೆಯ ವಿಷಯ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಗುರುತಾದ ಈ ವೈರಸ್ ಮೇಲೆ ಕೆಲಸ ಮಾಡುವ ಆಸೆ ನಮ್ಮ ಕಡೆಯವರಿಗೆ ಬರುವುದು ಸಹಜ, ಬರಲೇಬೇಕು. ಆದರೆ ಅಮೆರಿಕದಲ್ಲಿ ಇದು ಸೆಲೆಕ್ಟ್ ಏಜೆಂಟ್ ಪಟ್ಟಿಯಲ್ಲಿದೆ, ಅಂದರೆ ಸರ್ಕಾರ ಬಿಗಿಯಾಗಿ ನಿಯಂತ್ರಿಸುವ ಅಪಾಯಕಾರಿ ರೋಗಾಣುಗಳ ಪಟ್ಟಿ. ಜೀವಂತ ವೈರಸ್ಸಿಗೆ ಅತಿ ಹೆಚ್ಚಿನ ಸುರಕ್ಷತೆಯ ಬಿಎಸ್‌ಎಲ್-4 ಲ್ಯಾಬು ಬೇಕು, ಸಂಸ್ಥೆಗೆ ನೋಂದಣಿ ಬೇಕು, ಮುಟ್ಟುವ ಪ್ರತಿಯೊಬ್ಬರ ಹಿನ್ನೆಲೆಯನ್ನು ಎಫ್‌ಬಿಐ ಪರಿಶೀಲಿಸಬೇಕು. ಅಂಥ ಲ್ಯಾಬು ಇರುವುದು ಬೆರಳೆಣಿಕೆಯಷ್ಟು. ಪಿಎಚ್.ಡಿ. ಪೂರ್ತಿ ಅದರ ಮೇಲೆ ಕಟ್ಟಬೇಡಿ. ಅದಕ್ಕೆ ಪುಣೆಯ ರಾಷ್ಟ್ರೀಯ ವೈರಾಣು ಸಂಸ್ಥೆಯೇ ಸರಿಯಾದ ಜಾಗ. ಈ ವೈರಸ್ ಹರಡುವ ಉಣುಗುಗಳ ಪರಿಸರ, ಯಾವ ತಿಂಗಳಲ್ಲಿ ಎಲ್ಲಿ ಹೆಚ್ಚು ಎಂಬ ಲೆಕ್ಕ, ಇವನ್ನು ವೈರಸ್ ಮುಟ್ಟದೆಯೂ ಮಾಡಬಹುದು. ನೀರಿನ ಲ್ಯಾಬಿಗೆ ಹೊಂದುವುದು ಇಲಿಜ್ವರ. ಅದನ್ನು ತರುವ ಲೆಪ್ಟೊಸ್ಪೈರಾ ಬ್ಯಾಕ್ಟೀರಿಯಾಗೆ ಬಿಎಸ್‌ಎಲ್-2 ಸಾಕು, ಗದ್ದೆ-ತೋಟದ ನೀರಿನ ಪ್ರಶ್ನೆ ಎರಡೂ ದೇಶಕ್ಕೆ ಸೇರಿದ್ದು. ಒಂದು ಎಚ್ಚರ: ಅದು ಎಷ್ಟು ಸಪೂರವೆಂದರೆ 0.45 ಮೈಕ್ರಾನ್ ಮೆಂಬ್ರೇನಿನಲ್ಲಿ ನಿಲ್ಲದೆ ಜಾರಿಹೋಗುತ್ತದೆ, ಇ. ಕೋಲೈಯ ಫಿಲ್ಟರಿನಲ್ಲೇ ಅದನ್ನೂ ಹುಡುಕಿದರೆ ಸಿಗುವುದಿಲ್ಲ. ಬೆಳೆಸಲು ವಾರಗಟ್ಟಲೆ ಬೇಕು. ರೋಗ ತರುವ ಜಾತಿಗಳನ್ನು ಲಿಪ್‌ಎಲ್32 ಜೀನಿನಿಂದ ಗುರುತಿಸುತ್ತಾರೆ.

ನೆಲೆಯ ಪ್ರಶ್ನೆ. ವಿದ್ಯಾರ್ಥಿ ವೀಸಾ ಎಫ್-1ರಲ್ಲಿ ತರಗತಿ ನಡೆಯುವಾಗ ವಾರಕ್ಕೆ 20 ಗಂಟೆ ಕ್ಯಾಂಪಸ್ ಕೆಲಸ, ನಿಮ್ಮ ಅಸಿಸ್ಟೆಂಟ್‌ಶಿಪ್ ಅದರೊಳಗೇ ಬರುತ್ತದೆ. ಪದವಿಯಾದ ಮೇಲೆ 12 ತಿಂಗಳು ಒಪಿಟಿ (ಓದಿದ ವಿಷಯದಲ್ಲಿ ಕೆಲಸ ಮಾಡುವ ಅನುಮತಿ), ವಿಜ್ಞಾನದವರಿಗೆ ಇನ್ನೂ 24 ತಿಂಗಳು. ಸಾಮಾನ್ಯ ದಾರಿ ಎರಡರಿಂದ ಐದು ವರ್ಷ ತಾತ್ಕಾಲಿಕ ಸಂಶೋಧನಾ ಕೆಲಸ, ಅಂದರೆ ಪೋಸ್ಟ್‌ಡಾಕ್. ಅದರ ಸಂಬಳಕ್ಕೆ ಅಳತೆಗೋಲಾದ ರಾಷ್ಟ್ರೀಯ ಆರೋಗ್ಯ ಸಂಸ್ಥೆ ಎನ್‌ಐಎಚ್ ದರ 2024ರಲ್ಲಿ ಮೊದಲ ವರ್ಷಕ್ಕೆ 61,008 ಡಾಲರ್ ಇತ್ತು. ಆಮೇಲೆ ಅಸಿಸ್ಟೆಂಟ್ ಪ್ರೊಫೆಸರ್ ಕೆಲಸ ಸಿಕ್ಕರೆ ಸುಮಾರು ಆರನೇ ವರ್ಷ ಟೆನ್ಯೂರ್ (ಕಾಯಂ ಹುದ್ದೆ) ಪರಿಶೀಲನೆ. ಸಂಬಳ ಹೆಚ್ಚು ಕಡೆ ಒಂಬತ್ತು ತಿಂಗಳದ್ದು, ಬೇಸಿಗೆಯದ್ದನ್ನು ಗ್ರ್ಯಾಂಟಿನಿಂದ ತಂದುಕೊಳ್ಳಬೇಕು. ಕೆಲಸದ ವೀಸಾ ಎಚ್-1ಬಿಯ ವಾರ್ಷಿಕ ಮಿತಿ ವಿಶ್ವವಿದ್ಯಾಲಯಗಳಿಗಿಲ್ಲ, ಲಾಟರಿಗೆ ಕಾಯಬೇಕಾಗಿಲ್ಲ. ಆದರೆ ಗ್ರೀನ್ ಕಾರ್ಡಿಗೆ ದೇಶಕ್ಕೆ ಶೇ. 7ರ ಮಿತಿ ಇರುವುದರಿಂದ ಭಾರತದವರ ಸಾಲು ಬಹಳ ಉದ್ದ. ರೋಗ ನಿಯಂತ್ರಣ ಕೇಂದ್ರ ಸಿಡಿಸಿ, ಇಪಿಎಯಂಥ ಕೇಂದ್ರ ಸರ್ಕಾರದ ಹುದ್ದೆ ಬಹುಪಾಲು ನಾಗರಿಕರಿಗೇ. ರಾಜ್ಯದ ಆರೋಗ್ಯ ಲ್ಯಾಬು, ನೀರು ಸರಬರಾಜು ಸಂಸ್ಥೆಗಳನ್ನೂ ಕಣ್ಣಲ್ಲಿಟ್ಟುಕೊಳ್ಳಿ. ಪ್ರೊಫೆಸರ್ ಆಗದಿದ್ದರೆ ಸೋತಂತೆ ಎಂದು ಎಣಿಸಬೇಡಿ, ಜನರ ನೀರು ಕಾಯುವ ಕೆಲಸ ಅಲ್ಲೇ ಹೆಚ್ಚು. ಇಲ್ಲಿ ನಾಲ್ಕು ಕೋಟಿಗೂ ಹೆಚ್ಚು ಜನ ಸ್ವಂತ ಬಾವಿ ನೀರು ಕುಡಿಯುತ್ತಾರೆ, ಕೇಂದ್ರದ ಕುಡಿಯುವ ನೀರಿನ ಕಾಯ್ದೆ ಆ ಬಾವಿಗಳಿಗೆ ಅನ್ವಯಿಸುವುದಿಲ್ಲ. ಗುಡ್ಡದ ಅಬ್ಬಿಯಿಂದ ದಬ್ಬೆಯಲ್ಲೋ ಪೈಪಿನಲ್ಲೋ ಮನೆಗೆ ನೀರು ತರುವ ಊರಿನವರಿಗೆ ಆ ಬಾವಿಯವರ ಕಷ್ಟ ಬೇಗ ಅರ್ಥವಾಗುತ್ತದೆ.

ಇನ್ನು ತರುವುದು. ಮಣ್ಣು, ನೀರು, ಉಣುಗು, ಕಲ್ಚರ್ ಟ್ಯೂಬು, ಯಾವುದನ್ನೂ ಸೂಟ್‌ಕೇಸಿನಲ್ಲಿ ಹಾಕಬೇಡಿ, ಒಣಗಿಸಿದ್ದೂ ಬೇಡ. ರೋಗಾಣುಗಳಿಗೆ ಸಿಡಿಸಿ ಪರವಾನಗಿ, ಮಣ್ಣಿಗೆ ಕೃಷಿ ಇಲಾಖೆಯದ್ದು ಬೇಕು. ಇತ್ತ ಭಾರತದಲ್ಲಿ 2002ರ ಜೀವವೈವಿಧ್ಯ ಕಾಯ್ದೆಯ ಪ್ರಕಾರ ಅನಿವಾಸಿ ಭಾರತೀಯರೂ ಸಂಶೋಧನೆಗೆ ಜೈವಿಕ ಮಾದರಿ ಪಡೆಯಲು ರಾಷ್ಟ್ರೀಯ ಜೀವವೈವಿಧ್ಯ ಪ್ರಾಧಿಕಾರದ ಅನುಮತಿ ಪಡೆಯಬೇಕು. ಒಮ್ಮೆ ಸಿಕ್ಕಿಬಿದ್ದರೆ ನಿಮ್ಮ ಜೊತೆ ನಿಮ್ಮ ಗೈಡಿನ ಹೆಸರೂ ಕೆಡುತ್ತದೆ.

ಕಾಗದಪತ್ರದಲ್ಲಿ ಹೆಸರು ನೋಡಿಕೊಳ್ಳಿ. ನಮ್ಮಲ್ಲಿ ಊರು-ಅಪ್ಪನ ಹೆಸರು ಇನಿಷಿಯಲ್ಲಿನಲ್ಲೇ ಉಳಿಯುತ್ತದೆ. ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿಯಿದ್ದರೆ ಇಲ್ಲಿ ವೀಸಾದಲ್ಲಿ ಮೊದಲ ಹೆಸರಿನ ಜಾಗಕ್ಕೆ ‘ಮೊದಲ ಹೆಸರು ಗೊತ್ತಿಲ್ಲ’ ಎಂಬರ್ಥದ ‘ಎಫ್‌ಎನ್‌ಯು’ ಎಂದು ಬೀಳುತ್ತದೆ, ಬ್ಯಾಂಕು, ಲೈಸೆನ್ಸು, ಸಂಬಳ ಎಲ್ಲ ಕಡೆ ಕಾಡುತ್ತದೆ. ಈಗಲೇ ಸರಿಪಡಿಸಿ, ಪ್ರಬಂಧಗಳಲ್ಲೂ ಅದೇ ಹೆಸರು ಇರಲಿ. ವಿಶ್ವವಿದ್ಯಾಲಯದಿಂದ ಸೀಲು ಮಾಡಿದ ಟ್ರಾನ್ಸ್‌ಕ್ರಿಪ್ಟ್ ಮೂರ್ನಾಲ್ಕು ಪ್ರತಿ ತೆಗೆದಿಟ್ಟುಕೊಳ್ಳಿ. ಲಸಿಕೆಯ ದಾಖಲೆ ತನ್ನಿ. ಚಿಕ್ಕಂದಿನ ಬಿಸಿಜಿಯಿಂದ ಚರ್ಮದ ಟಿಬಿ ಪರೀಕ್ಷೆ ಪಾಸಿಟಿವ್ ಬರಬಹುದು, ರಕ್ತದ ಐಜಿಆರ್‌ಎ ಪರೀಕ್ಷೆಯನ್ನೇ ಕೇಳಿ. ಮೊದಲ ಸ್ಟೈಪೆಂಡ್ ಬರಲು ತಿಂಗಳು ಮೀರಬಹುದು, ಎರಡು ತಿಂಗಳ ಬಾಡಿಗೆ ಮತ್ತು ಡಿಪಾಸಿಟ್ ಕೈಯಲ್ಲಿರಲಿ. ಅಡುಗೆ ಸಾಮಾನು ಇಲ್ಲೇ ಸಿಗುತ್ತದೆ, ಅದಕ್ಕೆ ತೂಕ ವ್ಯರ್ಥ ಮಾಡಬೇಡಿ.

ಹೊರಡುವವರೆಗೆ ನಿಮಗೆ ಸಮಯವಿದೆ, ಮಳೆಗಾಲವೂ ಬರುತ್ತದೆ. ಎಚ್2ಎಸ್ ಬಾಟಲಿಗಳು (ಮಲದ ಬ್ಯಾಕ್ಟೀರಿಯಾ ಇದ್ದರೆ ಕಪ್ಪಾಗುವ ಪರೀಕ್ಷಾ ಬಾಟಲಿಗಳು) ನಮ್ಮಲ್ಲಿ ಕಡಿಮೆ ಬೆಲೆಗೆ ಸಿಗುತ್ತವೆ. ಮನೆಗೆ ಬರುವ ಅಬ್ಬಿ ನೀರನ್ನು ಮೂಲದಲ್ಲಿ ಒಂದು, ತೊಟ್ಟಿಯಲ್ಲಿ ಒಂದು, ಕುದಿಸಿ ಆರಿಸಿದ ನೀರಿನ ಬ್ಲ್ಯಾಂಕ್ ಒಂದು, ವಾರಕ್ಕೊಮ್ಮೆ ಹಾಕಿ 48 ಗಂಟೆ ನೋಡಿ. ಹಾಕಿದ ಕೂಡಲೇ ಕಪ್ಪಾದರೆ ನೀರಲ್ಲೇ ಸಲ್ಫೈಡ್ ಇದೆ, ಅದನ್ನು ಲೆಕ್ಕಕ್ಕೆ ಹಿಡಿಯಬೇಡಿ. ಪ್ರತಿ ಸಲ ಗಂಟೆ, ನೀರಿನ ಉಷ್ಣತೆ, ಹಿಂದಿನ ದಿನದ ಮಳೆ, ಮೂಲದ ಹತ್ತಿರ ದನ ಮೇಯುತ್ತಿತ್ತೇ, ಎಷ್ಟನೇ ಗಂಟೆಗೆ ಕಪ್ಪಾಯಿತು, ಎಲ್ಲ ಪೆನ್ನಿನಲ್ಲಿ ಬರೆದು, ತಪ್ಪಾದರೆ ಒಂದೇ ಗೆರೆ ಎಳೆದು ಪಕ್ಕದಲ್ಲಿ ಸಹಿ ಹಾಕಿ. ಆ ಪುಸ್ತಕವನ್ನು ಮೊದಲ ಭೇಟಿಯಲ್ಲೇ ಗೈಡಿಗೆ ತೋರಿಸಿ.